ಕೆ.ಎಸ್. ಹೆಗ್ಡೆಯವರನ್ನು ಅರ್ಧ ಹಾಳೆಯಲ್ಲಿ ಕಲಿಸಿದ ಅನುಭವ

ಮಂಗಳೂರಲ್ಲಿ ಕೆ.ಎಸ್. ಹೆಗ್ಡೆ ಅಂದರೆ ದೇರಳಕಟ್ಟೆಯ ಆಸ್ಪತ್ರೆ. ನನ್ನ ವಕೀಲಿ ಆಫೀಸಿನ ಜೂನಿಯರ್‌ಗಳಿಗೂ ಅಷ್ಟೇ ಗೊತ್ತಿತ್ತು. ನನಗದು ತುಂಬಾ ಬೇಸರದ ವಿಷಯ. ಕಾರ್ಕಳ ತಾಲೂಕಿನ ಕೌಡೂರಿನವರು, ನ್ಯಾಯಮೂರ್ತಿಯಾಗಿ ಸುಪ್ರೀಂ ಕೋರ್ಟಿನ ತನಕ ಹೋದವರು. ಶನಿವಾರ ಸಂಜೆ ಅವರ ಬಗ್ಗೆ ಒಂದು ಗಂಟೆ ಪಾಠ ಮಾಡುತ್ತೇನೆ ಅಂದೆ. ಹಿರಿಯ ವಕೀಲರೊಬ್ಬರು, "ಅದೆಲ್ಲ ಯಾರಿಗೆ ಬೇಕು ಮಾರಾಯ್ರೆ, ಡ್ರಾಫ್ಟಿಂಗ್ ಕಲಿಸಿ" ಅಂದರು.

ಮೊದಲ ಸಲ ಅವರ ಮಾತೇ ನಿಜವಾಯಿತು. 1957ರಲ್ಲಿ ಮೈಸೂರು ಹೈಕೋರ್ಟ್, 1966ರಲ್ಲಿ ದೆಹಲಿ ಹೈಕೋರ್ಟಿನ ಮೊದಲ ಮುಖ್ಯ ನ್ಯಾಯಮೂರ್ತಿ, 1967ರಲ್ಲಿ ಸುಪ್ರೀಂ ಕೋರ್ಟ್. ಇಸವಿ ಹೇಳುತ್ತಾ ಹೋದೆ, ಇಪ್ಪತ್ತು ನಿಮಿಷಕ್ಕೆ ಎಲ್ಲರ ಕೈಯಲ್ಲೂ ಮೊಬೈಲ್.

ಎರಡನೇ ಸಲ ಕೇಶವಾನಂದ ಭಾರತಿ ತೀರ್ಪನ್ನು ಇಡಿಯಾಗಿ ಹಿಡಿದೆ. ಸಂಸತ್ತು ಸಂವಿಧಾನವನ್ನು ಎಷ್ಟರ ಮಟ್ಟಿಗೆ ತಿದ್ದಬಹುದು ಅನ್ನುವ ಕೇಸು, ಹೆಗ್ಡೆಯವರೂ ಆ ಪೀಠದಲ್ಲಿದ್ದರು. ಸುಮಾರು ಏಳುನೂರು ಪುಟ. ಐದು ಸೆಟ್ ಜೆರಾಕ್ಸ್, ಮೇಲೆ ಬೈಂಡಿಂಗ್. ನಾಲ್ಕೂವರೆ ಸಾವಿರದ ಹತ್ತಿರ ಕೈಯಿಂದ ಹೋಯಿತು. ಐವತ್ತನೇ ಪುಟ ದಾಟಿದವರಿಲ್ಲ.

ಮೂರನೇ ಸಲ ಖರ್ಚು ಹತ್ತು ರೂಪಾಯಿ. 1969ರ ಕ್ರೈಪಕ್ ಪ್ರಕರಣದ ಸಂಗತಿ ಮಾತ್ರ ಅರ್ಧ ಹಾಳೆಯಲ್ಲಿ ಕನ್ನಡದಲ್ಲಿ ಬರೆದೆ. ಹೆಸರಿಲ್ಲ, ಇಸವಿ ಇಲ್ಲ, ಜಡ್ಜ್ ಯಾರೆಂದೂ ಇಲ್ಲ. ಅರಣ್ಯ ಇಲಾಖೆಯ ಹುದ್ದೆಗೆ ಆಯ್ಕೆ. ಆಯ್ಕೆ ಮಂಡಳಿಯ ಸದಸ್ಯರೊಬ್ಬರು ತಾವೂ ಅಭ್ಯರ್ಥಿ. ತಮ್ಮ ಹೆಸರು ಬಂದಾಗ ಕೂರಲಿಲ್ಲ, ಎದುರಾಳಿಗಳ ಹೆಸರು ಬಂದಾಗ ಕೂತಿದ್ದರು. ಈ ಆಯ್ಕೆ ನಿಲ್ಲುತ್ತದಾ?

"ಇದು ಆಡಳಿತದ ಕೆಲಸ ಸರ್, ಕೋರ್ಟಿಗೇನು?" ಅಂದ ಒಬ್ಬ. ಇನ್ನೊಬ್ಬಳು ಅವನ ಮೇಲೆ ಬಿದ್ದಳು. ನಲವತ್ತು ನಿಮಿಷ ಜಗಳ. ಆಮೇಲೆ ತೀರ್ಪು ತೆಗೆದೆ. ತನ್ನ ವಿಷಯಕ್ಕೆ ತಾನೇ ತೀರ್ಪುಗಾರ ಆಗಬಾರದು ಅನ್ನುವಂಥ ಸಹಜ ನ್ಯಾಯದ ನಿಯಮ ಆಡಳಿತದ ಕೆಲಸಕ್ಕೂ ಬೇಕು ಅಂತ ಹೆಗ್ಡೆಯವರು ಬರೆದಿದ್ದಾರೆ, ಆಯ್ಕೆ ರದ್ದು. "ಯಾರು ಸರ್ ಈ ಜಡ್ಜ್?" ಅಂತ ಅವರೇ ಕೇಳಿದರು!

ನಡುವೆ ಬೆಳುವಾಯಿಯ ಎಸ್. ಅಬ್ದುಲ್ ನಜೀರ್ ಅವರನ್ನೂ ಹೀಗೇ ಕಲಿಸಲು ಹೋದೆ. ಯಾವ ಹೈಕೋರ್ಟಿನ ಮುಖ್ಯ ನ್ಯಾಯಮೂರ್ತಿಯೂ ಆಗದೆ 2017ರಲ್ಲಿ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿಯಾದವರು. ಆದರೆ ನಾನು ತೆಗೆದುಕೊಂಡದ್ದು ಅವರೂ ಪೀಠದಲ್ಲಿದ್ದ 2019ರ ಅಯೋಧ್ಯೆ ತೀರ್ಪು. ಹತ್ತು ನಿಮಿಷದಲ್ಲಿ ಮಾತು ರಾಜಕೀಯಕ್ಕೆ ಹೋಯಿತು. ಅವರದ್ದೇ ಬೇರೆ ತೀರ್ಪು ಹುಡುಕುತ್ತಿದ್ದೇನೆ.

ನಾಲ್ಕನೇ ಶನಿವಾರ ಮತ್ತೆ ಕೇಶವಾನಂದಕ್ಕೆ ಬಂದೆವು. ಈ ಸಲವೂ ಅರ್ಧ ಹಾಳೆ. ಕೇಸು ಹಾಕಿದವರು ಕಾಸರಗೋಡಿನ ಎಡನೀರು ಮಠದ ಸ್ವಾಮೀಜಿ. ಕೇಳಿದ 13 ನ್ಯಾಯಮೂರ್ತಿಗಳಲ್ಲಿ ಒಬ್ಬರು ನಮ್ಮ ಕಾರ್ಕಳದವರು. ಸಂಸತ್ತು ತಿದ್ದುಪಡಿ ಮಾಡಿದರೂ ಸಂವಿಧಾನದ ಮೂಲರಚನೆ, ಅಂದರೆ ಅದರ ಅಡಿಪಾಯದ ತತ್ವಗಳನ್ನು, ಮುಟ್ಟುವ ಹಾಗಿಲ್ಲ ಅಂದ 7 ಜನರಲ್ಲಿ ಹೆಗ್ಡೆಯವರೂ ಇದ್ದರು. ತೀರ್ಪು ಬಂದದ್ದು 1973ರ ಏಪ್ರಿಲ್ 24ಕ್ಕೆ. ಮರುದಿನವೇ ಸರ್ಕಾರ, ಆ ಏಳು ಜನರಲ್ಲಿದ್ದ ಮತ್ತು ಸೇವೆಯಲ್ಲಿ ಹಿರಿಯರಾಗಿದ್ದ ಶೆಲತ್, ಹೆಗ್ಡೆ, ಗ್ರೋವರ್ ಮೂವರನ್ನೂ ದಾಟಿ ಎ.ಎನ್. ರೇ ಅವರನ್ನು ಮುಖ್ಯ ನ್ಯಾಯಮೂರ್ತಿ ಮಾಡಿತು. ಮೂವರೂ ರಾಜೀನಾಮೆ ಕೊಟ್ಟರು.

"ಬಿಡಬಾರದಿತ್ತು ಅಲ್ವಾ ಸರ್? ಅಲ್ಲೇ ಕೂತು ತೀರ್ಪು ಬರೆಯಬಹುದಿತ್ತು" ಅಂದಳು ಅದೇ ಹುಡುಗಿ. ಬಿಟ್ಟದ್ದೇ ಸರಿ ಅಂತ ನಾನು. ಅವಳು ಒಪ್ಪಲಿಲ್ಲ. ಕೆಳಗೆ ಸ್ಕೂಟರ್ ಹತ್ತಿರ ನಿಂತು ಇನ್ನೂ ಅರ್ಧ ಗಂಟೆ ವಾದ ಮಾಡಿದೆವು.

ಡ್ರಾಫ್ಟಿಂಗ್ ಕಲಿಸಿ ಅಂದ ಹಿರಿಯರು ಈಗ ತಮ್ಮ ಇಬ್ಬರು ಜೂನಿಯರ್‌ಗಳನ್ನು ಶನಿವಾರ ನನ್ನಲ್ಲಿಗೆ ಕಳಿಸುತ್ತಾರೆ.