ಕೋಲ ಚಿತ್ರೀಕರಣ: ಆವೇಶಕ್ಕೆ ಮೊದಲಿನ ಗಂಟೆಗಳು

ತುಳುನಾಡಿನ ಭೂತಕೋಲದ ವಿಡಿಯೊಗಳಲ್ಲಿ ಹೆಚ್ಚಾಗಿ ಸಿಗುವುದು ದೊಂದಿ, ಕುಣಿತ, ಕೂಗು. ರಾತ್ರಿಯಿಡೀ ನಡೆಯುವ ಆರಾಧನೆಯಿಂದ, ದೈವ ಮೈಮೇಲೆ ಬರುವ ಆವೇಶದ ನಿಮಿಷಗಳನ್ನಷ್ಟೇ ಎತ್ತಿಕೊಂಡರೆ ಹೊರಗಿನವರಿಗೆ ಉಳಿಯುವುದು ಭಯ ಮಾತ್ರ. ಅದಕ್ಕೇ ನಾನು, ವೇಷ ಕಟ್ಟುವವರಿಗೆ ಎಣ್ಣೆ, ವೀಳ್ಯ ಕೊಡುವ ಎಣ್ಣೆಬೂಳ್ಯದಿಂದಲೇ ಕ್ಯಾಮೆರಾ ಶುರುಮಾಡುತ್ತೇನೆ. ನಲಿಕೆ, ಪಂಬದ ಅಥವಾ ಪರವ ಸಮುದಾಯದ ಪಾತ್ರಿ, ಅಂದರೆ ದೈವದ ವೇಷ ಕಟ್ಟುವವರು, ಮುಖಕ್ಕೆ ಅರದಾಳದ ಹಳದಿ ಬಣ್ಣ ಬಳಿದುಕೊಳ್ಳುವಾಗ ಅವರ ಮನೆಯ ಹೆಂಗಸು ತೆಂಬರೆ ಎಂಬ ಚರ್ಮವಾದ್ಯ ಬಡಿಯುತ್ತ ಪಾಡ್ದನ ಎಂಬ ತುಳು ಕಥನಗೀತೆ ಹೇಳುತ್ತಾಳೆ. ದೈವದ ಹುಟ್ಟು, ಅದು ಬಂದ ದಾರಿ ಎಲ್ಲ ಇರುವುದು ಆ ಹಾಡಿನಲ್ಲಿ. ಅದನ್ನು ಬಿಟ್ಟರೆ ಮುಂದಿನದು ಬರೀ ವೇಷವಾಗಿ ಕಾಣುತ್ತದೆ.

ಪಾಡ್ದನ ಕೆಡುವುದು ಧ್ವನಿಯಲ್ಲಿ. ಕ್ಯಾಮೆರಾದ ಮೈಕ್ ನಂಬಿದರೆ ವಾದ್ಯಗಳು ಹಾಡನ್ನು ನುಂಗಿಬಿಡುತ್ತವೆ. ಹಾಡುವವರ ಒಪ್ಪಿಗೆ ಪಡೆದು, ಬಾಯಿಂದ ಒಂದು ಗೇಣು ಕೆಳಗೆ ಲೇಪಲ್ ಮೈಕ್ ಸಿಕ್ಕಿಸಿ ಬೇರೆ ರೆಕಾರ್ಡರಿಗೆ ಕೊಡಬೇಕು. ರೆಕಾರ್ಡರಿನಲ್ಲಿ ಧ್ವನಿಯ ಮಟ್ಟ ಮೈನಸ್ 12 ಡೆಸಿಬೆಲ್ ಆಸುಪಾಸು.

ಲೆನ್ಸ್ 35 ಮಿಲಿಮೀಟರ್, ಎತ್ತರ ಕೂತು ನೋಡುವ ಊರವರ ಕಣ್ಣಿನಷ್ಟು. ದೂರದ್ದನ್ನು ಹತ್ತಿರ ತೋರಿಸುವ ಟೆಲಿ ಲೆನ್ಸ್ ಪಾತ್ರಿಯ ಮುಖವನ್ನು ಕಿತ್ತು ಒಂಟಿ ಮಾಡುತ್ತದೆ. ಎದುರಿಗೆ ಕೈಮುಗಿದು ನಿಂತ ಗುತ್ತಿನ (ಕೋಲ ನಡೆಸುವ ದೊಡ್ಡ ಮನೆತನದ) ಯಜಮಾನ ಮಾಯವಾಗುತ್ತಾನೆ. ದೈವದ ನುಡಿ ಯಾರಿಗೆ ಹೇಳಿದ್ದು, ಯಾರು ತಲೆಬಾಗಿದರು ಎಂಬುದೇ ಕೋಲದ ತಿರುಳು. ಶಟರ್ ವೇಗ 1/50 ಸೆಕೆಂಡಿನಲ್ಲಿ ಇರಲಿ, ನಮ್ಮ ವಿದ್ಯುತ್ತು 50 ಹರ್ಟ್ಜ್ ಆದ್ದರಿಂದ ಟ್ಯೂಬ್‌ಲೈಟ್ ಮಿಣುಕುವುದಿಲ್ಲ. ವೈಟ್ ಬ್ಯಾಲೆನ್ಸ್ ಆಟೊದಲ್ಲಿ ಬಿಟ್ಟರೆ ಅರದಾಳದ ಹಳದಿಯನ್ನೇ ಕ್ಯಾಮೆರಾ ತಿದ್ದಲು ಹೊರಡುತ್ತದೆ, ಲಾಕ್ ಮಾಡಿ. ಸ್ವಂತ ಎಲ್‌ಇಡಿ ದೀಪ ಬೇಡವೇ ಬೇಡ. ಸ್ಲೋ ಮೋಷನ್ನೂ ಬೇಡ: ಕಾಲಿಗೆ ಕಟ್ಟಿದ ಗಗ್ಗರದ ಸದ್ದಿಗೂ ಹೆಜ್ಜೆಗೂ ಇರುವ ನಂಟು ಅಲ್ಲೇ ಕಡಿಯುತ್ತದೆ.

ಎಡಿಟಿಂಗ್‌ನಲ್ಲಿ ನುಡಿಯ ಭಾಗವನ್ನು ನಾನು ತುಂಡರಿಸುವುದಿಲ್ಲ. ಮೇಲೆ ವಿವರಣೆಯ ಧ್ವನಿ ಹಾಕುವುದಿಲ್ಲ, ಎರಡು ಸಾಲಿನ ಕನ್ನಡ ಸಬ್‌ಟೈಟಲ್ ಸಾಕು. ಹಿನ್ನೆಲೆ ಸಂಗೀತವೂ ಇಲ್ಲ. ಫ್ರಾನ್ಸಿನ ಚಿತ್ರಕಾರ ಜಾನ್ ರೂಶ್ 1950ರ ದಶಕದಲ್ಲಿ ನೈಜರ್ ನದಿಯ ನೀರಾನೆ ಬೇಟೆಯ ಚಿತ್ರವನ್ನು ಹಿನ್ನೆಲೆ ಸಂಗೀತ ಸೇರಿಸಿ ಅಲ್ಲಿನ ಸೊರ್ಕೊ ಬೇಟೆಗಾರರಿಗೇ ತೋರಿಸಿದಾಗ, ಬೇಟೆಯ ವೇಳೆ ಸಂಗೀತ ಕೇಳಿದರೆ ನೀರಾನೆ ಓಡಿಹೋಗುತ್ತದಲ್ಲ ಎಂದು ಅವರು ಆಕ್ಷೇಪಿಸಿದ್ದರು. ಅಂಥ ತಪ್ಪು ಹಿಡಿಯಬಲ್ಲವರು ಆ ಬದುಕಿನವರು ಮಾತ್ರ.

ಕರಡು ಪ್ರತಿಯನ್ನು ಎರಡು ಸಲ, ಬೇರೆಬೇರೆಯಾಗಿ ತೋರಿಸಬೇಕು: ಗುತ್ತಿನ ಮನೆಯಲ್ಲಿ ಒಮ್ಮೆ, ಪಾತ್ರಿಯ ಮನೆಯಲ್ಲಿ ಒಮ್ಮೆ. ಒಟ್ಟಿಗೆ ಕೂರಿಸಿದರೆ ಯಜಮಾನರ ಎದುರು ಪಾತ್ರಿಯ ಮನೆಯವರು ಬಾಯಿಬಿಡುವುದು ಕಷ್ಟ. ಇಬ್ಬರಲ್ಲಿ ಒಬ್ಬರು ಬೇಡವೆಂದ ದೃಶ್ಯ ಸಾರ್ವಜನಿಕ ಪ್ರತಿಗೆ ಹೋಗುವುದಿಲ್ಲ. ಪೂರ್ಣ ರೆಕಾರ್ಡಿಂಗ್ ಎರಡೂ ಮನೆಗಳ ಹಾರ್ಡ್‌ಡಿಸ್ಕ್‌ನಲ್ಲಿ ಉಳಿಯುತ್ತದೆ.