ಗುಲಾಬಿ ಬೆಲೆ ಬಿದ್ದ ದಿನ ‘ತುಘಲಕ್’ ಕೈಗೆ ಸಿಕ್ಕಿತು

“ನಾಟಕ ಅಂದ್ರೆ ಮಾತು ಕಣಯ್ಯ. ನೀನು ಸಾಮಾನಿನ ಲೆಕ್ಕ ಹಾಕ್ತಾ ಕೂತಿದೀಯಲ್ಲ!” ಹೀಗೆ ಹೇಳಿದ್ದ ಹಿರಿಯರೊಬ್ಬರು ಈ ಸಲ ನಮ್ಮ ‘ತುಘಲಕ್’ ನಾಟಕಕ್ಕೆ ಬಂದು ಮೂರನೇ ಸಾಲಿನಲ್ಲಿ ಕೂತಿದ್ದರು. ಆಟ ಮುಗಿದ ಮೇಲೆ ಬಂದು ಕೈ ಹಿಡಿದುಕೊಂಡರು. ಏನೂ ಮಾತಾಡಲಿಲ್ಲ. ಆರು ವರ್ಷ ಕಾದಿದ್ದು ಅದಕ್ಕೇ ಅನ್ನಿಸಿತು. ಹಾಗಾಗಿ ಇದನ್ನು ಬರೆಯುತ್ತಿದ್ದೇನೆ, ಸ್ವಲ್ಪ ಜಂಬ ಇದ್ದರೆ ಸಹಿಸಿಕೊಳ್ಳಿ.

ನಮ್ಮದು ಚಿಕ್ಕಬಳ್ಳಾಪುರದ ಸಣ್ಣ ತಂಡ. ಒಬ್ಬರು ಹೂವು ಬೆಳೆಯುವವರು, ಒಬ್ಬರಿಗೆ ಶಿಡ್ಲಘಟ್ಟದಲ್ಲಿ ರೇಷ್ಮೆ ನೂಲು ತೆಗೆಯುವ ಕೆಲಸ, ಇಬ್ಬರು ಬ್ಯಾಂಕಿನವರು, ಉಳಿದವರು ಕಾಲೇಜು ಹುಡುಗರು. ಮನೆಯಲ್ಲಿ ತೆಲುಗು, ರಿಹರ್ಸಲ್‌ನಲ್ಲಿ ಕನ್ನಡ. ಸುತ್ತಲ ಹಳ್ಳಿಗಳಲ್ಲಿ ‘ಕುರುಕ್ಷೇತ್ರ’ ಅಂದರೆ ರಾತ್ರಿಯಿಡೀ ಜನ ಕೂರುತ್ತಾರೆ. ದೆಹಲಿಯ ಸುಲ್ತಾನನ ಕಥೆ ಹೇಳುವ ಗಿರೀಶ ಕಾರ್ನಾಡರ ‘ತುಘಲಕ್’ ಅಂದರೆ, “ಹಾರ್ಮೋನಿಯಂ ಮೇಷ್ಟ್ರು ಯಾರು?” ಅಂತ ಕೇಳುತ್ತಾರೆ.

ಮೊದಲನೇ ಸಲ ನಾನು ಮಾಡಿದ ತಪ್ಪು ನಿಮ್ಮಲ್ಲೂ ಹಲವರು ಮಾಡಿರುತ್ತೀರಿ. ನಾಟಕದಲ್ಲಿ ಬರುವ ಪ್ರತಿಮೆಗಳಿಗೆಲ್ಲ, ಅಂದರೆ ಬೇರೇನನ್ನೋ ಸೂಚಿಸುವ ವಸ್ತುಗಳಿಗೆಲ್ಲ, ಒಂದು ನಿಘಂಟು ಬರೆದೆ. ಚದುರಂಗ ಅಂದರೆ ರಾಜಕೀಯ, ಗುಲಾಬಿ ಅಂದರೆ ಕನಸು, ಹೆಬ್ಬಾವು ಅಂದರೆ ಭಯ. ಅದನ್ನೇ ನಟರಿಗೆ ಕೊಟ್ಟೆ. ಎಲ್ಲರೂ ಅರ್ಥವನ್ನೇ ನಟಿಸಲು ಶುರುಮಾಡಿದರು, ಮನುಷ್ಯರು ಮಾಯವಾದರು. ಮೇಲಿಂದ ಎಂಟು ಅಡಿಯ ಪ್ಲೈವುಡ್ ಚದುರಂಗದ ಹಲಗೆ ಮಾಡಿಸಿದೆ, ಒಂಬತ್ತು ಸಾವಿರ ಹೋಯಿತು. ಬೆಂಗಳೂರಿಂದ ಪ್ಲಾಸ್ಟಿಕ್ ಗುಲಾಬಿ ತಂದೆ, ಅದಕ್ಕೊಂದು ನಾಲ್ಕು ಸಾವಿರ. ಸೀನರಿ, ಲೈಟು, ಮಂಟಪದ ಬಾಡಿಗೆ ಎಲ್ಲ ಸೇರಿ ಲಕ್ಷದ ಮೇಲೆ ಹತ್ತು ಸಾವಿರ ಇರಬೇಕು. ಅದರಲ್ಲಿ ಅರ್ಧ ನನ್ನ ಹೆಂಡತಿಯ ಚೀಟಿ ದುಡ್ಡು. ಬಂದವರು ಅರವತ್ತು ಜನ. ಒಬ್ಬ ಹುಡುಗ, “ಅಂಕಲ್, ಇಲ್ಲಿ ಡ್ಯಾನ್ಸ್ ಇದೆಯಾ?” ಅಂತ ಹಲಗೆ ತೋರಿಸಿ ಕೇಳಿದ. ಆ ಹಲಗೆ ಈಗ ನಮ್ಮ ನಟರೊಬ್ಬರ ಕೊಟ್ಟಿಗೆಯಲ್ಲಿ ಹಿಂಡಿ ಮೂಟೆ ಮುಚ್ಚುತ್ತಿದೆ.

ಎರಡನೇ ಸಲ ಲೆಕ್ಕಕ್ಕೆ ಇಳಿದೆ. ಇಡೀ ನಾಟಕ ಕಂಪ್ಯೂಟರ್‌ನಲ್ಲಿ ಟೈಪ್ ಮಾಡಿ, ಯಾವ ಪದ ಎಷ್ಟು ಸಲ ಬರುತ್ತದೆ ಅಂತ ಎಣಿಸಿದೆ. ಎರಡು ತಿಂಗಳು ದಂಡ. ಮೇಲೆ ಬಂದದ್ದು ಪಾತ್ರಗಳ ಹೆಸರು, ‘ಆದರೆ’, ‘ಏನು’. ಸುಲ್ತಾನ ದೆಹಲಿಯಿಂದ ರಾಜಧಾನಿ ಸಾಗಿಸಿದ ದೌಲತಾಬಾದಿನ ಕೋಟೆಯ ಒಳದಾರಿ ಹೆಬ್ಬಾವಿನ ಹಾಗೆ ಸುತ್ತಿಕೊಂಡಿದೆ ಅನ್ನುವುದು ಕಾವಲುಗಾರರ ಬಾಯಲ್ಲಿ ಎಲ್ಲೋ ಒಂದು ಕಡೆ ಬರುತ್ತದೆ. ಆದರೆ ಆ ರಾತ್ರಿಯ ದೃಶ್ಯವನ್ನೆಲ್ಲ ಅದೇ ನುಂಗುತ್ತದೆ. ಎಣಿಕೆಗೆ ಅದು ಸಿಗುವುದೇ ಇಲ್ಲ.

ಆಮೇಲೆ ಹಿಡಿದದ್ದು ಗೋಡೆ. ನಾಟಕಕ್ಕೆ 13 ದೃಶ್ಯ. ಗೋಡೆ ಮೇಲೆ 13 ಗೆರೆ ಎಳೆದು, ಕಣ್ಣಿಗೆ ಕಾಣುವ ವಸ್ತುಗಳನ್ನೆಲ್ಲ ಚೀಟಿ ಮಾಡಿ ಅಂಟಿಸಿದೆವು. ಮುನ್ನೂರು ಚೀಟಿ ಆಗಿರಬೇಕು. ಈ ಸಲ ಅರ್ಥ ಬರೆಯುವುದಕ್ಕೆ ಯಾರಿಗೂ ಅನುಮತಿ ಇರಲಿಲ್ಲ. ವಸ್ತು ಯಾರ ಕೈಯಲ್ಲಿದೆ, ಮುಂದೆ ಯಾರ ಕೈಗೆ ಹೋಯಿತು, ಅಲ್ಲಿ ಏನಾಯಿತು, ಇಷ್ಟೇ ಬರೆಯಬೇಕು. ಒಂದೊಂದು ವಸ್ತುವಿಗೆ ಒಂದೊಂದು ಬಣ್ಣದ ರೇಷ್ಮೆ ದಾರ, ಶಿಡ್ಲಘಟ್ಟದವರು ಪುಕ್ಕಟೆ ತಂದುಕೊಟ್ಟರು. ಮುನ್ನೂರರಲ್ಲಿ ಯಾವ ಚೀಟಿ ಕಿತ್ತುಹಾಕಬೇಕು ಅನ್ನುವುದಕ್ಕೆ ನನ್ನದೊಂದು ಲೆಕ್ಕಾಚಾರ ಇದೆ. ಅದನ್ನು ಇಲ್ಲಿ ಹೇಳಲ್ಲ.

ಹೀಗಿರುವಾಗ ಒಂದು ಸಂಜೆ ಹೂವಿನವರು ತಡವಾಗಿ ಬಂದರು. ಮುಖ ಸಣ್ಣಗಾಗಿತ್ತು. ಆ ದಿನ ಗುಲಾಬಿ ಕೆ.ಜಿ.ಗೆ ಹತ್ತು ರೂಪಾಯಿಗೂ ಹೋಗಿರಲಿಲ್ಲ. ಕಿತ್ತ ಕೂಲಿಯೂ ಹುಟ್ಟಲ್ಲ ಅಂತ ಐದಾರು ಚೀಲ ತಿಪ್ಪೆಗೆ ಸುರಿದು ಬಂದಿದ್ದರು. ನಾವು ಹತ್ತನೇ ದೃಶ್ಯ ಓದುತ್ತಿದ್ದೆವು. ಸುಲ್ತಾನ ತಾಮ್ರದ ನಾಣ್ಯಕ್ಕೆ ಬೆಳ್ಳಿಯ ಬೆಲೆ ಕಟ್ಟಿದ್ದಾನೆ. ಜನ ಮನೆಮನೆಯಲ್ಲಿ ಖೋಟಾ ನಾಣ್ಯ ಮಾಡಿ ಗಾಡಿಗಟ್ಟಲೆ ತಂದಿದ್ದಾರೆ. ಅದನ್ನೆಲ್ಲ ತನ್ನ ಹೊಸ ಗುಲಾಬಿ ತೋಟದಲ್ಲಿ ಒಟ್ಟಲು ಹೇಳುತ್ತಾನೆ. ಪಾರಸಿ ಕವಿ ಸಾದಿಯ ಕವಿತೆಗಳನ್ನು ಕಣ್ಣೆದುರಿಗೆ ತರಬೇಕು ಅಂತ ವರ್ಷಗಟ್ಟಲೆ ಯೋಚಿಸಿ ಹಾಕಿಸಿದ ತೋಟ ಅದು. ಹೂವಿನವರು ಪುಸ್ತಕ ಕೆಳಗಿಟ್ಟು, “ಸಾರ್, ನಂದೂ ಇದೇ ಅಲ್ವಾ? ಹೂವು ಹಂಗೇ ಇದೆ, ವಾಸನೆ ಹಂಗೇ ಇದೆ. ಅದಕ್ಕೊಂದು ಬೆಲೆ ಇದೆ ಅಂತ ನಂಬೋರು ಹೋಗಿಬಿಟ್ರು ಅಷ್ಟೇ” ಅಂದರು.

ಗೋಡೆಯಲ್ಲಿ ಗುಲಾಬಿ ಮತ್ತು ನಾಣ್ಯ ಎರಡು ಬೇರೆ ದಾರವಾಗಿದ್ದವು. ಆ ರಾತ್ರಿ ಎರಡನ್ನೂ ಗಂಟು ಹಾಕಿದೆವು. ನಾಣ್ಯವೂ ಸುಲ್ತಾನನ ಒಂದು ಕವಿತೆಯೇ. ಇದನ್ನು ಬೆಳ್ಳಿ ಅಂತ ಓದಿಕೊಳ್ಳಿ ಅಂತ ಜನರಿಗೆ ಕೊಟ್ಟ. ಓದುವವರು ಇಲ್ಲದಿದ್ದಾಗ ಎರಡೂ ಒಂದೇ ರಾಶಿಗೆ ಬಿದ್ದವು.

ಅಲ್ಲಿಂದ ಮಿಕ್ಕ ದಾರಗಳು ಸರಸರ ಬಿಚ್ಚಿಕೊಂಡವು. ಎರಡನೇ ದೃಶ್ಯದಲ್ಲಿ ಸುಲ್ತಾನ ದೊಡ್ಡದೊಂದು ಚದುರಂಗದ ಸಮಸ್ಯೆ ಬಿಡಿಸಿದ ಖುಷಿಯಲ್ಲಿರುತ್ತಾನೆ. ಅದೇ ಹೊತ್ತಿಗೆ, ಅವನ ಚದುರಂಗದ ಗೆಳೆಯ ಐನ್-ಉಲ್-ಮುಲ್ಕ್ ದಂಡೆತ್ತಿ ಬರುತ್ತಿರುವ ಸುದ್ದಿ. ಸುಲ್ತಾನ, ತನ್ನನ್ನು ಟೀಕಿಸುತ್ತಿದ್ದ, ನೋಡಲು ತನ್ನ ಹಾಗೇ ಕಾಣುವ ಧರ್ಮಗುರು ಶೇಖ್ ಇಮಾಮುದ್ದೀನನಿಗೆ ರಾಜನ ನಿಲುವಂಗಿ ತೊಡಿಸಿ, ಆನೆ ಮೇಲೆ ಕೂರಿಸಿ, ಸಂಧಾನಕ್ಕೆ ಅಂತ ಕಳಿಸುತ್ತಾನೆ. ಶೇಖ್ ಸಾಯುತ್ತಾನೆ. ಹಲಗೆ ಇಲ್ಲದೇ ಕಾಯಿ ನಡೆಯಿತು. ನನ್ನ ಒಂಬತ್ತು ಸಾವಿರದ ಪ್ಲೈವುಡ್ ಯಾಕೆ ಸುಳ್ಳಾಯಿತು ಅಂತ ಆಗ ಗೊತ್ತಾಯಿತು.

ಬಟ್ಟೆಯ ದಾರ ನನಗೆ ಎಲ್ಲಕ್ಕಿಂತ ಇಷ್ಟ. ಅಜೀಜ್ ಅಗಸ, ಬೇರೆಯವರ ಬಟ್ಟೆ ಒಗೆದು ಬದುಕಿದವನು. ಅವನು ಬ್ರಾಹ್ಮಣನ ವೇಷ ಹಾಕಿ ಸುಲ್ತಾನನ ನ್ಯಾಯದಿಂದಲೇ ಲಾಭ ಮಾಡಿಕೊಳ್ಳುತ್ತಾನೆ. ಕೊನೆಗೆ ಖಲೀಫರ ವಂಶದವನ ಬಟ್ಟೆಯಲ್ಲಿ ಅರಮನೆಗೇ ಬರುತ್ತಾನೆ. ಸುಲ್ತಾನ ಶೇಖನಿಗೆ ತೊಡಿಸಿದ ಬಟ್ಟೆಯನ್ನೂ ಇದೇ ದಾರಕ್ಕೆ ಪೋಣಿಸಿದರೆ ಇಬ್ಬರೂ ಒಂದೇ ಕಸುಬಿನವರು. ಅದಕ್ಕೇ ಅಜೀಜನಿಗೆ ಶಿಕ್ಷೆ ಕೊಡಲು ಸುಲ್ತಾನನ ಕೈ ಏಳುವುದಿಲ್ಲ ಅಂತ ನಾನು ಓದುತ್ತೇನೆ.

ಕಾರ್ನಾಡರು ಹೀಗೇ ಯೋಚಿಸುತ್ತಿದ್ದರು ಅಂತ ನನಗೆ ಗಟ್ಟಿಯಾಗಿ ಅನ್ನಿಸಿದೆ. ಒಬ್ಬನ ತಲೆಯಲ್ಲಿ ಚೆನ್ನಾಗಿದ್ದ ವಸ್ತು ಇನ್ನೊಬ್ಬನ ಕೈಗೆ ಹೋದಾಗ ಏನಾಗುತ್ತದೆ ಅಂತ ಬಿಟ್ಟು ನೋಡುತ್ತಾರೆ. ಪ್ರಾರ್ಥನೆಯೂ ಹಾಗೇ. ಸುಲ್ತಾನ ಕಡ್ಡಾಯ ಮಾಡಿದ ಪ್ರಾರ್ಥನೆಯ ಹೊತ್ತಲ್ಲೇ ಅವನ ಕೊಲೆಗೆ ಸಂಚು. ಕೊನೆಯಲ್ಲಿ ಪ್ರಾರ್ಥನೆಯ ಕರೆ ಕೇಳುವಾಗ ಅವನು ನಿದ್ದೆಯಲ್ಲಿರುತ್ತಾನೆ. 1964ರಲ್ಲಿ ನಾಟಕ ಬಂದಾಗ ಬರೆದವರಿಗೆ ಸುಮಾರು 26. ಕೋಟೆಯ ಮೇಲೆ ಸುಲ್ತಾನ ಹರೆಯದ ಕಾವಲುಗಾರನಿಗೆ ತನ್ನ ಪ್ರಾಯದ ಆಸೆಗಳನ್ನು ಹೇಳಿಕೊಳ್ಳುವಲ್ಲಿ ನನಗೆ ಆ ವಯಸ್ಸೇ ಕೇಳಿಸುತ್ತದೆ.

ನಡುವೆ ಇದೇ ಗೋಡೆ ಮೇಲೆ ಕಾರ್ನಾಡರದ್ದೇ ‘ಹಯವದನ’ ನಾಟಕ ಹಾಕಿ ನೋಡಿದೆ. ಒಂದೇ ವಾರದಲ್ಲಿ ಮುಗಿಯಿತು. ಗಣಪತಿಯಿಂದ ಹಿಡಿದು ಅದಲುಬದಲಾದ ತಲೆಗಳವರೆಗೆ ಯಾವುದೂ ಪೂರ್ತಿ ಇಲ್ಲ, ಎಲ್ಲ ದಾರವೂ ಒಂದೇ ಕಡೆ ಹೋಗುತ್ತದೆ. ಅವರ ಇನ್ನೊಂದು ನಾಟಕ ‘ನಾಗಮಂಡಲ’ದಲ್ಲಿ ಸೋತೆ. ನಾನು ಹಾವು, ಹುತ್ತ, ಕೂದಲು ಅಂತ ಚೀಟಿ ಅಂಟಿಸುತ್ತಿದ್ದೆ. ರಾಣಿಯ ಪಾತ್ರ ಓದುತ್ತಿದ್ದ ಹುಡುಗಿ ಹಿಂದಿನಿಂದ, “ಸಾರ್, ಬೀಗ ಎಲ್ಲಿ?” ಅಂದಳು. ಗಂಡ ಅಪ್ಪಣ್ಣ ರಾಣಿಯನ್ನು ಒಳಗಿಟ್ಟು ದಿನಾ ಹಾಕಿಕೊಂಡು ಹೋಗುವ ಬೀಗಕ್ಕೆ ನಾನು ಚೀಟಿಯನ್ನೇ ಮಾಡಿರಲಿಲ್ಲ! ಆ ನಾಟಕ ಈಗ ಅವಳ ಕೈಯಲ್ಲೇ ಇದೆ.

‘ತುಘಲಕ್’ಗೆ ಈ ಸಲ ಖರ್ಚು ಮೂವತ್ತೈದು ಸಾವಿರದ ಒಳಗೆ. ಸೀನರಿ ಇಲ್ಲ. ಒಂದು ಬಿಳಿ ನಿಲುವಂಗಿ ಕೈಯಿಂದ ಕೈಗೆ ಹೋಗುತ್ತಿತ್ತು. ನಾಣ್ಯಕ್ಕೆ ಹಾರ್ಡ್‌ವೇರ್ ಅಂಗಡಿಯ ವಾಷರ್, ನಲವತ್ತು ಕೆ.ಜಿ., ಆಟ ಮುಗಿದ ಮೇಲೆ ವಾಪಸ್ ಕೊಡುವ ಮಾತಿನ ಮೇಲೆ. ರಾಶಿ ಜಾರುವ ಸದ್ದು ಕೊನೆಯ ಸಾಲಿಗೂ ಹೇಗೆ ಕೇಳಿಸಿತು ಅಂತ ಬಹಳ ಜನ ಕೇಳಿದರು. ಅದು ನಮ್ಮಲ್ಲೇ ಇರಲಿ. ಗುಲಾಬಿ ಮಾತ್ರ ನಿಜವಾದದ್ದು, ಮೂರು ಚೀಲ, ಹೂವಿನವರ ತೋಟದ್ದೇ. ಅವರು ದುಡ್ಡು ಮುಟ್ಟಲಿಲ್ಲ.

ಎರಡನೇ ಆಟ ವರಮಹಾಲಕ್ಷ್ಮಿ ಹಬ್ಬದ ಹಿಂದಿನ ವಾರ ಬಿತ್ತು. ಗುಲಾಬಿ ಕೆ.ಜಿ.ಗೆ ಇನ್ನೂರು ದಾಟಿತ್ತು. ಹೂವಿನವರು ಮಧ್ಯಾಹ್ನ ಫೋನ್ ಮಾಡಿ, “ಸಾರ್, ಇವತ್ತು ಒಂದು ಬುಟ್ಟಿಗೆ ಅಡ್ಜಸ್ಟ್ ಮಾಡ್ಕೊಳ್ಳಿ, ಮಿಕ್ಕಿದ್ದು ಮಾರ್ಕೆಟ್‌ಗೆ ಹೋಗ್ಲಿ” ಅಂದರು. ಅಡ್ಜಸ್ಟ್ ಮಾಡಿಕೊಂಡೆವು.