413ನೆಯ ಸ್ಕ್ವಾಡ್ರನ್ನಿನ ಯುದ್ಧಕಾಲದ ದಿನಚರಿ: ನನ್ನ ಅನುಭವ

ಎರಡನೆಯ ಮಹಾಯುದ್ಧದ ಕಾಲದಲ್ಲಿ ಕ್ಯಾಟಲಿನಾ ಎಂಬ, ನೀರಿನ ಮೇಲೆ ಇಳಿಯುವ ವಿಮಾನಗಳು ಬೆಂಗಳೂರಿನ ಬೆಳ್ಳಂದೂರು ಕೆರೆಗೆ ಬಂದಿಳಿಯುತ್ತಿದ್ದವು, ಹಿಂದುಸ್ತಾನ್ ಏರ್‌ಕ್ರಾಫ್ಟ್ ಕಾರ್ಖಾನೆಯಲ್ಲಿ ಅವುಗಳ ದುರಸ್ತಿ ನಡೆಯುತ್ತಿತ್ತು ಎಂದು ತಿಳಿದಾಗ, ಅವು ಸಮುದ್ರದ ಮೇಲೆ ಮಾಡುತ್ತಿದ್ದ ಕೆಲಸವನ್ನು ಅರಿಯುವ ಆಸೆ ನನ್ನಲ್ಲಿ ಹುಟ್ಟಿತು. ಅಧ್ಯಯನಕ್ಕೆ ಆರಿಸಿಕೊಂಡದ್ದು ಕೆನಡಾ ವಾಯುಪಡೆಯ 413ನೆಯ ಸ್ಕ್ವಾಡ್ರನ್. 1941ರ ಜುಲೈನಲ್ಲಿ ಸ್ಕಾಟ್ಲೆಂಡಿನಲ್ಲಿ ಹುಟ್ಟಿದ ಈ ದಳ, ಶೆಟ್ಲೆಂಡ್ ದ್ವೀಪಗಳಲ್ಲಿ ಕೆಲವು ತಿಂಗಳು ಕಾವಲು ಕಾಯ್ದು, 1942ರ ವಸಂತದಲ್ಲಿ ಸಿಂಹಳದ ದಕ್ಷಿಣದ ಕೊಗ್ಗಲ ಸರೋವರಕ್ಕೆ ಬಂದಿತು.

ಅಂದಿನ ಪ್ರತಿ ಸ್ಕ್ವಾಡ್ರನ್ನೂ ಕಾರ್ಯಾಚರಣೆಯ ದಾಖಲೆ ಪುಸ್ತಕ ಇಡಬೇಕಿತ್ತು. ಅದರ 540ನೆಯ ನಮೂನೆಯಲ್ಲಿ ದಿನದ ಘಟನೆಗಳು, 541ನೆಯದರಲ್ಲಿ ಪ್ರತಿ ಹಾರಾಟದ ವಿವರ: ವಿಮಾನದ ಸಂಖ್ಯೆ, ಸಿಬ್ಬಂದಿಯ ಹೆಸರು, ಹೊರಟ ಹೊತ್ತು, ಮರಳಿದ ಹೊತ್ತು. ನಾನು ಎರಡನೆಯದರಿಂದ ಆರಂಭಿಸಿದೆ. ಹತ್ತು ಹನ್ನೆರಡು ಗಂಟೆ ಹಾರಿ ಬಂದವರ ಹೆಸರಿನ ಮುಂದೆ ಏನೂ ಕಾಣಲಿಲ್ಲ ಎಂಬ ಒಂದೇ ಮಾತಿರುವ ಸಾಲುಗಳನ್ನು ಮೊದಲು ಬಿಟ್ಟು ಮುಂದೆ ಹೋದೆ. ಅದು ನನ್ನ ದೊಡ್ಡ ತಪ್ಪು. ಗಂಟೆಗೆ ಸುಮಾರು 180 ಕಿಲೋಮೀಟರಿನ ಲೆಕ್ಕ ಹಿಡಿದು, ಹಿಂದೂ ಮಹಾಸಾಗರದ ನಕ್ಷೆಯ ಮೇಲೆ ಆ ಹಾರಾಟಗಳನ್ನು ಪೆನ್ಸಿಲಿನಿಂದ ಗುರುತಿಸಿದಾಗಲೇ, ಯಾವ ದಿನ ಕಡಲಿನ ಯಾವ ಭಾಗದ ಮೇಲೆ ಕಣ್ಣಿತ್ತು, ಯಾವುದು ಕಾವಲಿಲ್ಲದೆ ಉಳಿದಿತ್ತು ಎಂಬುದು ತಿಳಿಯಿತು. ಕಡಲು ಕಾಯುವ ಇಂಥ ದಳದ ಚರಿತ್ರೆಯ ಬಹುಪಾಲು ಇರುವುದು ಆ ಬರಿದಾದ ಸಾಲುಗಳಲ್ಲಿಯೇ.

ಹೆಚ್ಚು ದಿನ ಹಿಡಿದದ್ದು 1942ರ ಏಪ್ರಿಲ್ 4. ಕೊಗ್ಗಲಕ್ಕೆ ಬಂದು ಎರಡೇ ದಿನವಾಗಿದ್ದ ಲಿಯೊನಾರ್ಡ್ ಬರ್ಚಲ್ ಅವರ ವಿಮಾನ ಅಂದು ನಸುಕಿಗೇ ಹೊರಟು, ಸಂಜೆ 4ರ ಸುಮಾರಿಗೆ, ದ್ವೀಪದ ಆಗ್ನೇಯಕ್ಕೆ ಸುಮಾರು 600 ಕಿಲೋಮೀಟರ್ ದೂರದಲ್ಲಿ, ಐದು ವಿಮಾನವಾಹಕ ಹಡಗುಗಳಿದ್ದ, ಅಡ್ಮಿರಲ್ ನಗುಮೊ ಅವರ ಜಪಾನೀ ನೌಕಾಪಡೆಯನ್ನು ಕಂಡಿತು. ಜಪಾನೀ ದಾಖಲೆಗಳಲ್ಲಿ ಇದೇ ಘಟನೆಗೆ ರಾತ್ರಿ 7ರ ಸುಮಾರಿನ ಹೊತ್ತಿದೆ. ಕತ್ತಲಲ್ಲಿ ಹಡಗು ಕಂಡದ್ದಾದರೂ ಹೇಗೆ ಎಂದು ವಾರಗಟ್ಟಲೆ ತಲೆ ಕೆಡಿಸಿಕೊಂಡೆ. ಜಪಾನಿನ ನೌಕಾಪಡೆ ಎಲ್ಲಿದ್ದರೂ ಟೋಕಿಯೊ ಸಮಯವನ್ನೇ ಬರೆಯುತ್ತಿತ್ತು ಎಂದು ತಿಳಿದ ಮೇಲೆ ಎಲ್ಲ ಹೊತ್ತುಗಳನ್ನೂ ಗ್ರೀನಿಚ್ ಸಮಯಕ್ಕೆ ತಿರುಗಿಸಿ, ನೋಟ್‌ಬುಕ್ಕಿನಲ್ಲಿ ಮೂರು ಕಾಲಂ ಎಳೆದು, ಬರೆದಿದ್ದ ಅಧ್ಯಾಯವನ್ನು ಮೊದಲಿನಿಂದ ತಿದ್ದಿದೆ.

ಜಪಾನಿನ ಝೀರೊ ಯುದ್ಧವಿಮಾನಗಳು ಬರ್ಚಲ್ ಅವರ ವಿಮಾನವನ್ನು ಹೊಡೆದುರುಳಿಸುವ ಮೊದಲೇ ರೇಡಿಯೊ ಎಚ್ಚರಿಕೆ ಹೊರಟಿತ್ತು. ಮರುದಿನ, ಈಸ್ಟರ್ ಭಾನುವಾರ, ಕೊಲಂಬೊ ಮೇಲೆ ದಾಳಿ ನಡೆಯಿತು. ಬರ್ಚಲ್ ಅವರ ವಿಮಾನದಲ್ಲಿದ್ದ ಒಂಬತ್ತು ಮಂದಿಯಲ್ಲಿ ಆರು ಜನ ಬದುಕುಳಿದು, ಯುದ್ಧ ಮುಗಿಯುವವರೆಗೆ ಜಪಾನೀಯರ ಸೆರೆಯಲ್ಲಿದ್ದರು. ಇಂಥ ಕಡೆ ದಿನಚರಿಯೊಂದನ್ನೇ ನಂಬಿ ಬರೆಯಬಾರದು: ವಿಮಾನ ಮರಳಲಿಲ್ಲ ಎನ್ನುವುದರಾಚೆ ಅದನ್ನು ಬರೆದವರಿಗೆ ಅಂದು ತಿಳಿಯುವಂತಿರಲಿಲ್ಲ, ಉಳಿದದ್ದನ್ನು ಸೆರೆಯಿಂದ ಬಂದವರ ಮಾತುಗಳಿಂದಲೇ ತುಂಬಿಸಬೇಕಾಯಿತು. ಏಪ್ರಿಲ್ 9ರಂದು, ಟ್ರಿಂಕೊಮಲಿಯ ಮೇಲೆ ದಾಳಿ ನಡೆದ ದಿನ, ಅದೇ ನೌಕಾಪಡೆಯನ್ನು ಕಂಡು ವರದಿ ಮಾಡಿದ ಥಾಮಸ್ ಅವರ ಕ್ಯಾಟಲಿನಾದಿಂದ ಅಂಥ ಮಾತು ಹೇಳಲು ಯಾರೂ ಮರಳಲಿಲ್ಲ. ಅವರ ಪುಟದಲ್ಲಿ ನಾನು ಸಿಬ್ಬಂದಿಯ ಎಲ್ಲ ಹೆಸರುಗಳನ್ನೂ ದಾಖಲೆಯಲ್ಲಿದ್ದ ಕ್ರಮದಲ್ಲಿಯೇ ಬರೆದಿದ್ದೇನೆ.